ಅಪ್ಪ-ಅಮ್ಮನ 35 ವರ್ಷ, 960 ಫೋಟೋ: ಸ್ಟಾಪ್ ಮೋಷನ್ ಸ್ಟುಡಿಯೋ ಆ್ಯಪ್ ಬಳಸಿದ ಅನುಭವ

ಅಪ್ಪ-ಅಮ್ಮನ ಮದುವೆಗೆ 35 ವರ್ಷ ತುಂಬಿತು. ಫೋಟೋ ಜೋಡಿಸಿ ಹಾಡು ಹಾಕಿದ ವಿಡಿಯೋ ಬೇಡ ಅನಿಸಿತು. ಸ್ಟಾಪ್ ಮೋಷನ್ ಸ್ಟುಡಿಯೋ ಆ್ಯಪ್ ಹಾಕಿಕೊಂಡು, ಮಣ್ಣಿನ ಗೊಂಬೆ ಮಾಡಿ, 1 ನಿಮಿಷ 20 ಸೆಕೆಂಡಿನ ಚಿತ್ರ ತೆಗೆದೆ. ಗೊಂಬೆಯನ್ನು ಸ್ವಲ್ಪ ಸ್ವಲ್ಪವೇ ಸರಿಸುತ್ತಾ ಒಂದೊಂದೇ ಫೋಟೋ ತೆಗೆದು, ಅವನ್ನು ಸಾಲಾಗಿ ಓಡಿಸಿದರೆ ಗೊಂಬೆ ತಾನೇ ಚಲಿಸಿದ ಹಾಗೆ ಕಾಣುತ್ತದೆ, ಅದೇ ಸ್ಟಾಪ್ ಮೋಷನ್. ಸೆಕೆಂಡಿಗೆ 12 ಫೋಟೋ, ಒಟ್ಟು 960. ಸಂಜೆ ಹೊತ್ತು ಮಾತ್ರ ಕೂತಿದ್ದಕ್ಕೆ ಒಂದು ತಿಂಗಳು ಹಿಡಿಯಿತು.

ಆ್ಯಪ್ ನಿಜಕ್ಕೂ ಚೆನ್ನಾಗಿದೆ. ಹಿಂದಿನ ಫೋಟೋ ಪರದೆ ಮೇಲೆ ತೆಳ್ಳಗೆ ಕಾಣುತ್ತಿರುತ್ತದೆ, ಅದಕ್ಕೆ ಆನಿಯನ್ ಸ್ಕಿನ್ ಅಂತಾರೆ, ಅದನ್ನು ನೋಡಿಕೊಂಡರೆ ಗೊಂಬೆಯ ಕೈಯನ್ನು ಎಷ್ಟು ಸರಿಸಬೇಕು ಅಂತ ಗೊತ್ತಾಗುತ್ತದೆ. ಗೊಂಬೆ ಬಿದ್ದರೂ ಮತ್ತೆ ಅದೇ ಜಾಗಕ್ಕೆ ತಂದು ನಿಲ್ಲಿಸಬಹುದು. ಫೋನ್ ಮಾತ್ರ ಅಲುಗಾಡಬಾರದು, ಸ್ಟ್ಯಾಂಡ್ ಬೇಕೇ ಬೇಕು. ಕಿಟಕಿ ಬೆಳಕಲ್ಲಿ ತೆಗೆಯಬೇಡಿ, ಮೋಡ ಬಂದು ಹೋದರೆ ಚಿತ್ರ ಮಿಣುಕುತ್ತದೆ.

ಮಣ್ಣಿನ ಬಗ್ಗೆ ಬೇಜಾರಿದೆ. ಇಲ್ಲೇ ದಾವಣಗೆರೆಯ ಒಂದು ಅಂಗಡಿಯಲ್ಲಿ ಕೊಂಡ ಎಣ್ಣೆ ಬೆರೆಸಿದ ಬಣ್ಣದ ಮಣ್ಣು, ಒಣಗಿ ಬಿರಿಯುವುದಿಲ್ಲ ನಿಜ, ಆದರೆ ನಮ್ಮೂರ ಏಪ್ರಿಲ್ ಸೆಕೆಗೆ ಮೆತ್ತಗಾಗಿ ಅಪ್ಪನ ಕತ್ತು ವಾಲುತ್ತಲೇ ಇತ್ತು. ಒಳಗೆ ತಂತಿ ಹಾಕಿ, ಆಗಾಗ ಫ್ರಿಜ್‌ನಲ್ಲಿಟ್ಟು ಸುಧಾರಿಸಿದೆ.

ಕತೆ ಇಷ್ಟೇ. ಇಬ್ಬರೂ ಜಗಲಿ ಮೇಲೆ ಕೂತು ಮಂಡಕ್ಕಿ ಮೆಣಸಿನಕಾಯಿ ತಿನ್ನುತ್ತಾರೆ. ಚಿತ್ರದಲ್ಲಿ ಮಂಡಕ್ಕಿ ಬದಲು ನುಚ್ಚಕ್ಕಿ ಇಟ್ಟೆ. ಕೂದಲು ನೆರೆಯುತ್ತದೆ, ಅದಕ್ಕೆ ತಲೆ ಮಾತ್ರ ಬದಲಿಸಿದೆ, ಒಬ್ಬೊಬ್ಬರಿಗೆ ನಾಲ್ಕು. ಅವರು ಮಾತಾಡುವುದು ಕಡಿಮೆ, ಮನೆಯಲ್ಲೂ ಹಾಗೆಯೇ. ಸುಮ್ನೆ ಕೂತಿರುವುದನ್ನು ತೋರಿಸುವುದು ಸುಲಭ ಅಂದುಕೊಂಡಿದ್ದೆ, ಅದೇ ಎಲ್ಲಕ್ಕಿಂತ ಕಷ್ಟ. ಗೊಂಬೆಯನ್ನು ಮುಟ್ಟದೆ ಹತ್ತು ಹದಿನೈದು ಫೋಟೋ ತೆಗೆದರೆ ಜೀವವೇ ಇಲ್ಲದ ಹಾಗೆ ಕಾಣುತ್ತದೆ. ಉಸಿರಾಡುತ್ತಿದೆ ಅನಿಸಬೇಕಾದರೆ ಭುಜವನ್ನೋ ತಲೆಯನ್ನೋ ಕೂದಲೆಳೆಯಷ್ಟು ಸರಿಸುತ್ತಲೇ ಇರಬೇಕು. ಹಾಗೆ ಸರಿಸುವಾಗ ಅಮ್ಮನ ತಲೆಯನ್ನು ಪ್ರತಿ ಸಲ ಅಪ್ಪನ ಕಡೆಗೇ ಸ್ವಲ್ಪ ವಾಲಿಸಿದೆ. ಆಮೇಲೆ ಒಂದು ಸಂಜೆ ಜಗಲಿ ಕಡೆ ನೋಡಿದರೆ ಅವರು ಕೂರುವುದೂ ಹಾಗೆಯೇ, ಇಷ್ಟು ವರ್ಷ ನಾನು ಗಮನಿಸಿರಲಿಲ್ಲ. ಹೊಸ ಪ್ರೇಮಿಗಳಿಗಿಂತ ಇಂಥ ಹಳೆಯ ಜೋಡಿಗೆ ಸ್ಟಾಪ್ ಮೋಷನ್ ಜಾಸ್ತಿ ಒಗ್ಗುತ್ತದೆ ಅಂತ ನನಗೆ ಆಗ ಖಾತ್ರಿಯಾಯಿತು.

ಆ್ಯಪ್‌ಗೆ ಐದಕ್ಕೆ ಐದು, ಮಣ್ಣಿಗೆ ಎರಡು.

ಚಿತ್ರ ನೋಡಿ ಅಪ್ಪ ಇನ್ನೊಂದು ಸಲ ಹಾಕು ಅಂದರು. ಅಮ್ಮ ಮಾತ್ರ, "ಮೆಣಸಿನಕಾಯಿ ಮುರಿದು ಮೊದಲು ನಿಮ್ಮಪ್ಪಂಗೆ ಕೊಡ್ತೀನಲ್ಲ, ಅದೇ ಇಲ್ವಲ್ಲೋ" ಅಂದರು. ಮತ್ತೆ ದೀಪ ಹಾಕಿ, ಆ ಎರಡು ಸೆಕೆಂಡಿಗೆ ಇನ್ನೂ 24 ಫೋಟೋ ತೆಗೆದೆ.