ಕಾಲ ಮೇಲೆಯೇ, ಟಬ್ಬಿನಲ್ಲೇ, ಬಾತ್ ಸೀಟಿನಲ್ಲೇ? ಮಗುವಿನ ಸ್ನಾನದ ವಿಧಾನಗಳ ಹೋಲಿಕೆ

ಎಳೆಯ ಮಗುವಿಗೆ ಸ್ನಾನ ಮಾಡಿಸಲು ಬೆಂಗಳೂರಿನ ಮನೆಗಳಲ್ಲಿ ಇಂದು ಹಲವು ದಾರಿಗಳಿವೆ. ಕಾಲು ಚಾಚಿ ಕುಳಿತು, ಮಗುವನ್ನು ಕಾಲ ಮೇಲೆ ಮಲಗಿಸಿಕೊಂಡು ನೀರು ಹಾಕುವ ಹಳೆಯ ಪದ್ಧತಿ ಇನ್ನೂ ಉಳಿದಿದೆ. ಅದರ ಜೊತೆಗೆ ಪ್ಲಾಸ್ಟಿಕ್ ಟಬ್, ಬಲೆಬಟ್ಟೆ ಬಿಗಿದ ಇಳಿಜಾರಿನ ಬಾತರ್, ಕುಳಿತುಕೊಳ್ಳಲು ಕಲಿತ ಮಕ್ಕಳಿಗೆಂದು ಮಾರುವ ಬಾತ್ ಸೀಟ್ ಎಲ್ಲವೂ ಬಂದಿವೆ. ನನ್ನ ಇಬ್ಬರು ಮಕ್ಕಳಿಗೆ ಇವೆಲ್ಲವನ್ನೂ ಬಳಸಿದ್ದೇನೆ. ಸ್ನಾನ ಮಾಡಿಸುವವರ ಒಂದು ಕೈ ಸದಾ ಮಗುವಿನ ಮೇಲೆ ಇರುತ್ತದೆಯೇ, ಮಗುವಿನ ಸುತ್ತ ನೀರು ನಿಲ್ಲುತ್ತದೆಯೇ, ಮೈಗೆ ಬೀಳುವ ನೀರು ಎಷ್ಟು ಬಿಸಿಯಿದೆ ಎಂಬುದು ಮೊದಲೇ ಗೊತ್ತಿರುತ್ತದೆಯೇ ಎಂದು ನೋಡಿಯೇ ನಾನು ಒಂದೊಂದನ್ನೂ ತೂಗಿದ್ದೇನೆ.

ಹುಟ್ಟಿದ ಕೂಡಲೇ ಇವುಗಳಲ್ಲಿ ಯಾವುದೂ ಬೇಕಾಗಿಲ್ಲ. ಮೊದಲ ಸ್ನಾನವನ್ನು ಕನಿಷ್ಠ 24 ಗಂಟೆ ತಡಮಾಡಬೇಕೆಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಮಗುವಿನ ಮೈ ತಣ್ಣಗಾಗದಂತೆ ಕಾಪಾಡುವುದು ಇದರ ಮುಖ್ಯ ಉದ್ದೇಶ. ಹೊಕ್ಕುಳ ಬಳ್ಳಿ ಒಣಗಿ ಉದುರುವವರೆಗೆ ನಾವು ಉಗುರುಬೆಚ್ಚಗಿನ ನೀರಿನಲ್ಲಿ ಹಿಂಡಿದ ಮೆತ್ತನೆಯ ಬಟ್ಟೆಯಿಂದ ಮೈ ಒರೆಸಿದೆವು. ಅಷ್ಟೇ ಸಾಕಾಗುತ್ತದೆ.

ಬಳ್ಳಿ ಉದುರಿದ ಮೇಲೆ ನಮ್ಮ ಅತ್ತೆಯವರು ಕಾಲ ಮೇಲೆ ನೀರು ಹಾಕಲು ಆರಂಭಿಸಿದರು. ಬಚ್ಚಲುಮನೆಯ ಗೋಡೆಗೆ ಬೆನ್ನು ಕೊಟ್ಟು, ತಗ್ಗಾದ ಮಣೆಯ ಮೇಲೆ ಕುಳಿತು, ಎರಡೂ ಕಾಲುಗಳನ್ನು ಜೋಡಿಸಿ ಚಾಚಿದರೆ ನಡುವೆ ಒಂದು ತಗ್ಗು ಉಂಟಾಗುತ್ತದೆ. ಮಗು ಅದರಲ್ಲಿ ಹೊರಳದೆ ಮಲಗುತ್ತದೆ. ಈ ಭಂಗಿಯನ್ನು ನಾನು ಮನಸಾರೆ ಮೆಚ್ಚುತ್ತೇನೆ. ಹಾಕಿದ ನೀರೆಲ್ಲ ಆ ಕ್ಷಣವೇ ಹರಿದುಹೋಗುವುದರಿಂದ ಮಗುವಿನ ಮೂಗು ಬಾಯಿ ಮುಳುಗುವಷ್ಟು ನೀರು ಎಲ್ಲಿಯೂ ನಿಲ್ಲುವುದಿಲ್ಲ, ಮತ್ತು ಸ್ನಾನ ಮಾಡಿಸುವವರು ಎದ್ದು ಹೋಗಲು ಸಾಧ್ಯವೇ ಇಲ್ಲದ್ದರಿಂದ ಮಗು ಒಂಟಿಯಾಗುವ ಪ್ರಸಂಗವೂ ಬರುವುದಿಲ್ಲ. ಐದು ಸೆಂಟಿಮೀಟರ್ ಆಳದ ನೀರಿನಲ್ಲಿಯೂ ಕೂಸು ಸದ್ದಿಲ್ಲದೆ ಮುಳುಗಬಲ್ಲದು ಎಂಬುದನ್ನು ನೆನೆದರೆ, ಈ ಒಂದು ಗುಣಕ್ಕಾಗಿಯೇ ನಾನು ಕಾಲ ಮೇಲಿನ ಸ್ನಾನಕ್ಕೆ ಮೊದಲ ಸ್ಥಾನ ಕೊಡುತ್ತೇನೆ.

ಆದರೆ ಭಂಗಿಯ ಜೊತೆಗೆ ಬಂದಿರುವ ಎಲ್ಲ ರೂಢಿಗಳನ್ನೂ ಒಪ್ಪಲಾಗದು. ಮೂಗಿಗೂ ಕಿವಿಗೂ ಎಣ್ಣೆ ಬಿಡುವುದು, ಮೂಗಿನೊಳಗೆ ಊದುವುದು, ಹಸುಗೂಸಿನ ಎದೆಯನ್ನು ಹಿಂಡಿ ಹಾಲು ತೆಗೆಯುವುದು, ನೆತ್ತಿಯ ಮೇಲೆ ಎತ್ತರದಿಂದ ರಭಸವಾಗಿ ನೀರು ಸುರಿಯುವುದು ಇವುಗಳನ್ನು ಮಕ್ಕಳ ವೈದ್ಯರು ಬೇಡವೆನ್ನುತ್ತಾರೆ. ಎದೆ ಹಿಂಡುವುದರಿಂದ ಸೋಂಕಾಗಿ ಕೀವು ತುಂಬಬಹುದು. ಮೂಗಿಗೆ ಬಿಟ್ಟ ಎಣ್ಣೆ ಶ್ವಾಸಕೋಶಕ್ಕೆ ಇಳಿಯಬಹುದು. ಸ್ನಾನದ ನಂತರ ಕೊಡುವ ಸಾಂಬ್ರಾಣಿ ಹೊಗೆಯೂ ಅಷ್ಟೇ, ಪರಿಮಳವೆಷ್ಟೇ ಹಿತವಾದರೂ ಎಳೆಯ ಶ್ವಾಸಕೋಶಕ್ಕೆ ಹೊಗೆ ಹೊಗೆಯೇ. ಅತ್ತೆಯವರೊಂದಿಗೆ ಇವನ್ನೆಲ್ಲ ಸಮಾಧಾನದಿಂದ ಮಾತನಾಡಿದಾಗ ಅವರು ಭಂಗಿಯನ್ನು ಉಳಿಸಿಕೊಂಡು ಉಳಿದದ್ದನ್ನು ಬಿಟ್ಟರು, ಕೊಬ್ಬರಿ ಎಣ್ಣೆಯ ಹಗುರ ಮಾಲೀಸು ಮಾತ್ರ ಮುಂದುವರಿಯಿತು.

ಈ ಪದ್ಧತಿಯ ನಿಜವಾದ ಕೊರತೆ ಬೇರೆ. ಎಣ್ಣೆ, ಸೋಪು, ನೀರು ಮೂರೂ ಸೇರಿದ ಮೈ ಬಹಳ ಜಾರುತ್ತದೆ, ಕುಳಿತವರು ಎದ್ದೇಳಲಾರರು. ಆದ್ದರಿಂದ ಟವೆಲ್ ಹಿಡಿದು ಮಗುವನ್ನು ಎತ್ತಿಕೊಳ್ಳಲು ಎರಡನೆಯ ವ್ಯಕ್ತಿ ಪಕ್ಕದಲ್ಲಿ ಇರಲೇಬೇಕು. ಗಂಡ ಹೆಂಡತಿ ಇಬ್ಬರೇ ಇದ್ದು, ಒಬ್ಬರು ಬೆಳಿಗ್ಗೆಯೇ ಕೆಲಸಕ್ಕೆ ಹೊರಡುವ ಮನೆಯಲ್ಲಿ ಇದು ಕಷ್ಟ. ಹೊಸ ಅಪಾರ್ಟ್‌ಮೆಂಟುಗಳಲ್ಲಿ ಗಾಜಿನ ತಡೆ ಹಾಕಿ ಮಾಡಿದ ಸ್ನಾನದ ಮೂಲೆಯಲ್ಲಿ ಕಾಲು ಚಾಚಲು ಜಾಗವೇ ಸಾಲದು.

ಒಬ್ಬರೇ ಇರುವಾಗ ನನಗೆ ಒದಗಿದ್ದು ಟಬ್. ಅದನ್ನು ಸ್ಟೂಲಿನ ಮೇಲಾಗಲಿ ಮಂಚದ ಮೇಲಾಗಲಿ ಇಡದೆ ನೆಲದ ಮೇಲೆಯೇ ಇಟ್ಟು, ಮಗುವನ್ನು ಕರೆತರುವ ಮೊದಲೇ ನೀರು ತುಂಬಿಸಿ, ಟವೆಲ್ಲನ್ನೂ ಬಟ್ಟೆಯನ್ನೂ ಕೈಗೆಟುಕುವಲ್ಲಿ ಜೋಡಿಸಿಕೊಳ್ಳಬೇಕು. ಎಡ ತೋಳನ್ನು ಮಗುವಿನ ಕುತ್ತಿಗೆಯ ಕೆಳಗೆ ಹಾಯಿಸಿ ಆಚೆಯ ಕಂಕುಳನ್ನು ಭದ್ರವಾಗಿ ಹಿಡಿದರೆ ತಲೆ ಮೇಲೆಯೇ ಉಳಿಯುತ್ತದೆ. ನೀರು ತಳದಲ್ಲಿ ನಾಲ್ಕೈದು ಬೆರಳು ಇದ್ದರೆ ಸಾಕು. ನೀರಿನ ಬಿಸಿಯನ್ನು ಒಮ್ಮೆ ಸರಿಯಾಗಿ ನೋಡಿಕೊಂಡರೆ ಸ್ನಾನ ಮುಗಿಯುವವರೆಗೆ ಅದು ಏರುವುದಿಲ್ಲ ಎಂಬುದು ಟಬ್ಬಿನ ದೊಡ್ಡ ಅನುಕೂಲ. ನೀರು ನಿಂತಿರುತ್ತದೆ ಎಂಬುದೇ ಅದರ ದೊಡ್ಡ ಅಪಾಯ. ಹಿಡಿದ ಕೈಯನ್ನು ಒಂದು ಕ್ಷಣವೂ ಬಿಡಲಾಗದು. ನಮ್ಮ ಬಡಾವಣೆಯಲ್ಲಿ ಕಾವೇರಿ ನೀರಿನ ಜೊತೆಗೆ ಬೋರ್‌ವೆಲ್ ನೀರೂ ಬರುತ್ತದೆ. ಗಡಸು ನೀರಿನಲ್ಲಿ ಸೋಪು ನೊರೆಯಾಗದೆ ಮೈಗೆ ಅಂಟಿಕೊಂಡು ಚರ್ಮ ಒಣಗುವುದರಿಂದ, ಟಬ್ಬಿನ ಸ್ನಾನದ ಕೊನೆಯಲ್ಲಿ ಬೇರೆ ಪಾತ್ರೆಯ ಶುಭ್ರ ನೀರನ್ನು ಮೇಲಿಂದ ಹಾಕಲೇಬೇಕಾಗುತ್ತದೆ. ಕಾಲ ಮೇಲಿನ ಸ್ನಾನದಲ್ಲಿ ಈ ತೊಂದರೆ ಕಡಿಮೆ.

ಬಾತರನ್ನು ನೆಲದ ಮೇಲಿಟ್ಟು ಮಗ್ಗಿನಿಂದ ನೀರು ಹಾಕಿದರೆ ನೀರು ನಿಲ್ಲುವುದಿಲ್ಲ, ಬೆನ್ನಿಗೂ ಆಯಾಸವಿಲ್ಲ. ಎಣ್ಣೆ ಹಚ್ಚಿದ ಮೈ ಮಾತ್ರ ಅದರ ಇಳಿಜಾರಿನಲ್ಲಿ ಕೆಳಕ್ಕೆ ಸರಿಯುತ್ತಲೇ ಇರುತ್ತದೆ, ಮತ್ತು ಮಗು ಮಗುಚಿಕೊಳ್ಳಲು ಕಲಿತ ದಿನದಿಂದ ಅದನ್ನು ಎತ್ತಿಡಬೇಕು.

ಬಾತ್ ಸೀಟನ್ನು ನಾನು ಯಾರಿಗೂ ಶಿಫಾರಸು ಮಾಡುವುದಿಲ್ಲ. ಅದರ ಕೆಳಗಿನ ಅಂಟುವ ರಬ್ಬರ್ ಬಟ್ಟಲುಗಳು ನಮ್ಮ ಬಚ್ಚಲುಮನೆಯ ಒರಟು ಟೈಲ್ಸಿನ ಮೇಲೆ ಹಿಡಿಯಲೇ ಇಲ್ಲ. ಟಬ್ಬಿನೊಳಗೆ ಇಟ್ಟರೆ ಮಗು ಪಕ್ಕಕ್ಕೆ ವಾಲಿದಾಗ ಸೀಟೂ ವಾಲಿತು. ಇಂಥ ಸೀಟುಗಳು ಮಗುಚಿಕೊಂಡು ಮಗು ನೀರಿಗೆ ಬೀಳಬಹುದೆಂಬ ಕಾರಣಕ್ಕೆ ಅಮೆರಿಕದ ಮಕ್ಕಳ ವೈದ್ಯರ ಅಕಾಡೆಮಿಯೂ ಇವನ್ನು ಬಳಸಬಾರದೆಂದು ಹೇಳುತ್ತದೆ. ಮಗು ಭದ್ರವಾಗಿ ಕುಳಿತಿದೆ ಎಂಬ ಭಾವನೆ ಹುಟ್ಟಿಸಿ, ಹಿಡಿದ ಕೈಯನ್ನು ಸಡಿಲಿಸುವಂತೆ ಮಾಡುವುದೇ ಅದರ ಕೇಡು.

ಯಾವ ವಿಧಾನವನ್ನು ಆರಿಸಿದರೂ ನೀರಿನ ಬಿಸಿಯ ವಿಷಯದಲ್ಲಿ ಹೆಚ್ಚಿನ ಎಚ್ಚರ ಬೇಕು. ಮಗುವಿಗೆ ಹಿತವಾದ ನೀರು 37ರಿಂದ 38 ಡಿಗ್ರಿ ಸೆಲ್ಸಿಯಸ್, ಅಂದರೆ ನಮ್ಮ ಮೈಯಷ್ಟೇ ಬೆಚ್ಚಗಿನದು. ಚೆನ್ನಾಗಿ ಕಾದ ನೀರು ಎರೆದರೆ ಮಗು ಗಟ್ಟಿಯಾಗುತ್ತದೆ, ಒಳ್ಳೆಯ ನಿದ್ದೆ ಬರುತ್ತದೆ ಎಂಬ ನಂಬಿಕೆ ನಮ್ಮಲ್ಲಿ ಬಲವಾಗಿದೆ; ಆದರೆ 60 ಡಿಗ್ರಿಯ ನೀರು ಕೆಲವೇ ಸೆಕೆಂಡುಗಳಲ್ಲಿ ಆಳವಾದ ಸುಟ್ಟಗಾಯ ಮಾಡುತ್ತದೆ, ಮಕ್ಕಳ ತೆಳು ಚರ್ಮಕ್ಕೆ ಇನ್ನೂ ಬೇಗ. ದಿನವೂ ಬಿಸಿ ಪಾತ್ರೆ ಹಿಡಿದು ಒರಟಾದ ಅಂಗೈ ಇದನ್ನು ಸರಿಯಾಗಿ ಅಳೆಯಲಾರದು, ಮೊಣಕೈ ಅಥವಾ ಮಣಿಕಟ್ಟಿನ ಒಳಭಾಗದಲ್ಲಿ ನೋಡಬೇಕು. ಬಕೆಟ್ಟಿಗೆ ಮೊದಲು ತಣ್ಣೀರು, ಆಮೇಲೆ ಬಿಸಿನೀರು ಬಿಟ್ಟು, ಕೈಯಿಂದ ತಳದವರೆಗೆ ಕಲಕಬೇಕು.

ನೀರು ಕಾಯಿಸುವ ಬಗೆಗಳಲ್ಲಿಯೂ ವ್ಯತ್ಯಾಸ ಕಂಡಿದ್ದೇನೆ. ಛಾವಣಿಯ ಸೋಲಾರ್ ಖರ್ಚಿಲ್ಲದ್ದು, ಆದರೆ ಬಿಸಿಲಿದ್ದ ದಿನ ಸಂಜೆ ಅದರ ನೀರು 60 ಡಿಗ್ರಿಯನ್ನೂ ಮೀರಬಹುದು; ನಲ್ಲಿ ತಿರುಗಿಸಿದಾಗ ಮೊದಲು ಪೈಪಿನಲ್ಲಿ ಉಳಿದ ತಣ್ಣೀರು ಬಂದು, ಹಠಾತ್ತಾಗಿ ಸುಡುವ ನೀರು ಬರುತ್ತದೆ. ಆದ್ದರಿಂದ ನಲ್ಲಿಯ ಅಥವಾ ಶವರಿನ ಕೆಳಗೆ ನೇರವಾಗಿ ಮಗುವನ್ನು ಹಿಡಿಯಲೇಬಾರದು. ವಿದ್ಯುತ್ ಗೀಸರಿನಲ್ಲಿ ಥರ್ಮೋಸ್ಟಾಟನ್ನು ಇಳಿಸಿಡಬಹುದು ಎಂಬ ಕಾರಣಕ್ಕೆ ನಾನು ಅದನ್ನೇ ಆರಿಸುತ್ತೇನೆ. ಗ್ಯಾಸ್ ಗೀಸರ್ ಬಚ್ಚಲುಮನೆಯ ಒಳಗಿದ್ದರೆ ವಾಸನೆಯಿಲ್ಲದ ಕಾರ್ಬನ್ ಮೊನಾಕ್ಸೈಡ್ ತುಂಬಿ ಪ್ರಾಣಕ್ಕೇ ಅಪಾಯ. ಹಿಂದಿನ ಬಾಡಿಗೆ ಮನೆಯಲ್ಲಿ ಅಂಥದ್ದೇ ಇದ್ದುದರಿಂದ, ಕಿಟಕಿ ತೆರೆದಿಟ್ಟು, ಬಕೆಟ್ ತುಂಬಿಸಿ, ಗೀಸರ್ ಆರಿಸಿ, ಸ್ವಲ್ಪ ಹೊತ್ತು ಕಳೆದ ನಂತರ ಇನ್ನೊಂದು ಕೋಣೆಯಲ್ಲಿ ಟಬ್ ಇಟ್ಟು ಸ್ನಾನ ಮಾಡಿಸುತ್ತಿದ್ದೆವು. ಬಕೆಟ್ಟಿನಲ್ಲಿ ಇಳಿಬಿಡುವ ಹೀಟರ್ ರಾಡಂತೂ ಓಡಾಡುವ ಮಗುವಿರುವ ಮನೆಯಲ್ಲಿ ಬೇಡವೇ ಬೇಡ.

ವರ್ಷ ತುಂಬಿ ನಡೆಯತೊಡಗಿದ ಮಗುವಿಗೆ ಟಬ್ಬನ್ನೂ ಬಿಟ್ಟು, ಜಾರದ ರಬ್ಬರ್ ಚಾಪೆಯ ಮೇಲೆ ಕೂರಿಸಿ ಮಗ್ಗಿನಿಂದ ನೀರು ಹಾಕುವುದೇ ಸರಿ ಎನಿಸಿತು. ಇಲ್ಲಿ ಅಪಾಯ ಬಕೆಟ್ಟಿನಲ್ಲಿಯೇ ಇದೆ. ಈ ವಯಸ್ಸಿನ ಮಕ್ಕಳಿಗೆ ಮೈಯ ಅಳತೆಗೆ ಹೋಲಿಸಿದರೆ ತಲೆ ಭಾರ; ಬಕೆಟ್ಟಿಗೆ ಬಗ್ಗಿ ತಲೆಕೆಳಗಾದರೆ ತಾವಾಗಿ ಮೇಲೇಳಲಾರರು, ನೀರು ತುಂಬಿದ ಬಕೆಟ್ ಉರುಳುವುದೂ ಇಲ್ಲ, ಕೂಗೂ ಕೇಳಿಸುವುದಿಲ್ಲ. ದಿನ ಬಿಟ್ಟು ದಿನ ನೀರು ಬರುವ ಬಡಾವಣೆಗಳಲ್ಲಿ, ಅದರಲ್ಲೂ 2024ರ ಬೇಸಿಗೆಯಂತೆ ನೀರಿನ ಅಭಾವವಾದಾಗ, ಪ್ರತಿಯೊಂದು ಬಕೆಟ್, ಡ್ರಮ್ಮು ತುಂಬಿಸಿಡುವುದು ಅನಿವಾರ್ಯವಾಗುತ್ತದೆ. ಹಾಗೆ ಸಂಗ್ರಹಿಸಿದ ನೀರಿಗೆ ಗಟ್ಟಿ ಮುಚ್ಚಳ ಹಾಕಿ, ಬಚ್ಚಲುಮನೆಯ ಬಾಗಿಲಿಗೆ ಹೊರಗಿನಿಂದ ಮೇಲ್ಭಾಗದಲ್ಲಿ ಚಿಲಕ ಇಡಿಸಿದ್ದೇವೆ. ಸ್ನಾನದ ನಡುವೆ ಕರೆಗಂಟೆ ಬಾರಿಸಿದರೆ ಮಗುವನ್ನು ಟವೆಲ್ಲಿನಲ್ಲಿ ಸುತ್ತಿ ಎತ್ತಿಕೊಂಡೇ ಬಾಗಿಲಿಗೆ ಹೋಗುತ್ತೇನೆ. ನಮ್ಮ ದೊಡ್ಡ ಮಗಳು ಎಷ್ಟೇ ಜಾಣೆಯಾದರೂ ತಮ್ಮನನ್ನು ನೋಡಿಕೊಂಡಿರು ಎಂದು ಆ ಹೊಣೆಯನ್ನು ಅವಳಿಗೆ ಒಪ್ಪಿಸುವುದಿಲ್ಲ.