ಅಂಕಿಪಟ್ಟಿಯಲ್ಲಿ ಕಾಣದ ಕ್ಯಾಚರ್‌ನನ್ನು ಹುಡುಕಿಕೊಡುವ ಪತ್ರಿಕಾ ಭಂಡಾರ: ‘ಕ್ರಾನಿಕ್ಲಿಂಗ್ ಅಮೆರಿಕಾ’

ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ 2007ರಿಂದ ಸಾರ್ವಜನಿಕರಿಗೆ ತೆರೆದಿಟ್ಟಿರುವ ‘ಕ್ರಾನಿಕ್ಲಿಂಗ್ ಅಮೆರಿಕಾ’ ಎಂಬ ಹಳೆಯ ಪತ್ರಿಕೆಗಳ ಡಿಜಿಟಲ್ ಸಂಗ್ರಹ ಬೆಂಗಳೂರಿನ ಕ್ರೀಡಾಸಕ್ತರಲ್ಲಿ, ಕ್ವಿಜ್ ಬಳಗಗಳಲ್ಲಿ ಕೂಡ, ಸಿಗಬೇಕಾದಷ್ಟು ಪ್ರಚಾರ ಪಡೆದಂತಿಲ್ಲ. 1963ರವರೆಗಿನ ಪತ್ರಿಕೆಗಳ 2 ಕೋಟಿಗೂ ಹೆಚ್ಚು ಪುಟಗಳು ಇಲ್ಲಿವೆ. ಶುಲ್ಕವಿಲ್ಲ, ಹೆಸರು ನೋಂದಾಯಿಸುವ ತಾಪತ್ರಯವಿಲ್ಲ, ಬೇಕಾದ ಪುಟವನ್ನು ಇಳಿಸಿಕೊಳ್ಳಲು ಯಾರ ಅನುಮತಿಯೂ ಬೇಡ. ಈ ಸೇವೆಯನ್ನು ಒರೆಗೆ ಹಚ್ಚಲು ನಾನು ಆರಿಸಿಕೊಂಡ ವ್ಯಕ್ತಿ ಕ್ಲಿಫ್ ಬ್ಲ್ಯಾಂಕನ್‌ಶಿಪ್. ಬೇಸ್‌ಬಾಲ್ ಕ್ಯಾಚರ್ (ನಮ್ಮ ವಿಕೆಟ್ ಕೀಪರ್‌ನಂತೆ ಬ್ಯಾಟ್ ಬೀಸುವವನ ಹಿಂದೆ ನಿಂತು ಚೆಂಡು ಹಿಡಿಯುವವ) ಆಗಿದ್ದು ಪ್ರತಿಭಾನ್ವೇಷಣೆಗೆ ಹೊರಟ ಈ ಆಟಗಾರನ ವೃತ್ತಿಜೀವನದ ಅತಿ ಮುಖ್ಯ ಕೆಲಸ ಯಾವ ಅಂಕಿಪಟ್ಟಿಯಲ್ಲೂ ದಾಖಲಾಗಿಲ್ಲ.

ಬೇಸ್‌ಬಾಲ್ ಅಂಕಿಅಂಶಗಳ ಜಾಲತಾಣಗಳು ಇವರ ಬಗ್ಗೆ ಹೇಳುವುದು ಬಹಳ ಕಡಿಮೆ: 1905ರಲ್ಲಿ ಸಿನ್ಸಿನಾಟಿ ತಂಡ, 1907 ಮತ್ತು 1909ರಲ್ಲಿ ವಾಷಿಂಗ್ಟನ್ ತಂಡ, ಅಲ್ಲಿಗೆ ಮುಗಿಯಿತು. 1907ರ ಬೇಸಿಗೆಯಲ್ಲಿ ಬೆರಳಿಗೆ ಪೆಟ್ಟು ಬಿದ್ದು ಇವರು ಆಡಲಾಗದೆ ಕುಳಿತಾಗ, ತಂಡದ ಮ್ಯಾನೇಜರ್ ಜೋ ಕ್ಯಾಂಟಿಲನ್ ಸುಮ್ಮನೆ ಸಂಬಳ ಕೊಡುವ ಬದಲು ಹೊಸ ಆಟಗಾರರನ್ನು ನೋಡಿ ಬರಲು ಪಶ್ಚಿಮಕ್ಕೆ ಕಳುಹಿಸಿದರು ಎಂಬುದನ್ನು ಆ ಅಂಕಣಗಳಿಂದ ಊಹಿಸುವಂತೆಯೂ ಇಲ್ಲ. ಕ್ಯಾನ್ಸಾಸ್‌ನ ವಿಚಿಟಾದಲ್ಲಿ ಅವರು ಕ್ಲೈಡ್ ಮಿಲನ್ ಎಂಬ ವೇಗದ ಓಟಗಾರನನ್ನು ಗೊತ್ತು ಮಾಡಿದರು. ಅಲ್ಲಿಂದ ಐಡಹೊ ರಾಜ್ಯದ ವೀಸರ್ ಎಂಬ ಪುಟ್ಟ ಊರಿಗೆ ಹೋಗಿ, ದೂರವಾಣಿ ಕಂಪನಿಯೊಂದರ ಆಸರೆಯಲ್ಲಿ ಸ್ಥಳೀಯ ತಂಡಕ್ಕೆ ಚೆಂಡೆಸೆಯುತ್ತಿದ್ದ 19ರ ಹರೆಯದ ವಾಲ್ಟರ್ ಜಾನ್ಸನ್ ಎದುರು ಒಪ್ಪಂದವನ್ನಿಟ್ಟರು. ಕೈಗೆ 100 ಡಾಲರ್, ತಿಂಗಳಿಗೆ 350 ಡಾಲರ್ ಸಂಬಳ. ವಾಷಿಂಗ್ಟನ್‌ನಲ್ಲಿ ನೆಲೆ ಸಿಗದಿದ್ದರೆ ಊರಿಗೆ ಮರಳಲು ರೈಲು ಟಿಕೆಟ್‌ನ ಹಣವೂ ಸಿಗಬೇಕೆಂದು ಹುಡುಗ ಪಟ್ಟು ಹಿಡಿದನಂತೆ. ಆ ಟಿಕೆಟ್ ಬೇಕಾಗಲೇ ಇಲ್ಲ: ಜಾನ್ಸನ್ 1927ರವರೆಗೆ ವಾಷಿಂಗ್ಟನ್ ತಂಡವೊಂದಕ್ಕೇ ಆಡಿ 417 ಪಂದ್ಯಗಳನ್ನು ಗೆದ್ದುಕೊಟ್ಟರು; ಮಿಲನ್ 1912ರ ಒಂದೇ ಋತುವಿನಲ್ಲಿ 88 ಬೇಸ್‌ಗಳನ್ನು ಕದ್ದರು, ಅಂದರೆ ಚೆಂಡಿಗೆ ಹೊಡೆತ ಬೀಳುವುದನ್ನು ಕಾಯದೆ ಓಡಿ ಮುಂದಿನ ಬೇಸ್ (ಓಟಗಾರ ನಿಲ್ಲುವ ಠಾಣೆ) ಸೇರಿದರು.

ಸಂಗ್ರಹದ ನಿಜವಾದ ಬೆಲೆ ತಿಳಿಯುವುದು ಇಂಥ ಕಡೆ. ವಾಷಿಂಗ್ಟನ್‌ನ ‘ಈವ್ನಿಂಗ್ ಸ್ಟಾರ್’, ‘ವಾಷಿಂಗ್ಟನ್ ಟೈಮ್ಸ್’, ‘ವಾಷಿಂಗ್ಟನ್ ಹೆರಾಲ್ಡ್’ ಮೂರೂ ಇಲ್ಲಿರುವುದರಿಂದ 1907ರ ಜೂನ್‌ನಿಂದ ಆಗಸ್ಟ್‌ವರೆಗಿನ ಕ್ರೀಡಾಪುಟಗಳನ್ನು ದಿನದಿನವೂ ತಿರುವುತ್ತಾ ಹೋಗಬಹುದು. ಹಾಗೆ ಹೋದರೆ ಹುಡುಕದ ಸಂಗತಿಗಳೂ ಎದುರಾಗುತ್ತವೆ. ಜೂನ್ 28ರಂದು ಇದೇ ವಾಷಿಂಗ್ಟನ್ ತಂಡ ನ್ಯೂಯಾರ್ಕ್ ಎದುರು ಒಂದೇ ಪಂದ್ಯದಲ್ಲಿ 13 ಬೇಸ್‌ಗಳನ್ನು ಕದ್ದಿತ್ತು. ಅಂದು ಓಟಗಾರರನ್ನು ತಡೆಯಲಾಗದೆ ಸೋತ ನ್ಯೂಯಾರ್ಕ್ ಕ್ಯಾಚರ್ ಬ್ರ್ಯಾಂಚ್ ರಿಕಿ. ಮುಂದೆ ಕಪ್ಪುವರ್ಣೀಯ ಆಟಗಾರ ಜಾಕಿ ರಾಬಿನ್ಸನ್‌ ಅವರನ್ನು ಆರಿಸಿ, 1947ರಲ್ಲಿ ಬೇಸ್‌ಬಾಲ್‌ನ ಅತ್ಯುನ್ನತ ಮಟ್ಟವಾದ ಮೇಜರ್ ಲೀಗ್‌ನ ವರ್ಣಭೇದದ ಗೋಡೆ ಒಡೆಯಲು ಕಾರಣರಾದ ರಿಕಿ ಅವರೇ! ಕ್ರಿಕೆಟ್ ಪ್ಯಾಡ್ ಹೋಲುವ ರಕ್ಷಾಕವಚವನ್ನು ಕಾಲಿಗೆ ಕಟ್ಟಿಕೊಂಡು ಇನ್ನೊಬ್ಬ ಕ್ಯಾಚರ್ ರೋಜರ್ ಬ್ರೆಸ್ನಹನ್ ಮೈದಾನಕ್ಕಿಳಿದು ಸುದ್ದಿಯಾದದ್ದೂ 1907ರ ಏಪ್ರಿಲ್‌ನಲ್ಲೇ. ಕ್ಯಾಚರ್‌ಗಳ ಬೆರಳು, ಮೂಳೆ ಎಷ್ಟು ಅಗ್ಗವಾಗಿದ್ದವು ಎಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ.

ಹುಡುಕಾಟಕ್ಕೆ ಸ್ವಲ್ಪ ಉಪಾಯ ಬೇಕು. ಪುಟದ ಚಿತ್ರವನ್ನು ಯಂತ್ರ ಓದಿ ತಯಾರಿಸಿದ ಪಠ್ಯದಲ್ಲೇ ಹುಡುಕಾಟ ನಡೆಯುವುದರಿಂದ, ಮಸಿ ಹರಡಿದ ಕಡೆ ಅಕ್ಷರ ತಪ್ಪುವುದು ಇಂಥ ಎಲ್ಲ ಸಂಗ್ರಹಗಳಲ್ಲೂ ಸಹಜ. ಬ್ಲ್ಯಾಂಕನ್‌ಶಿಪ್‌ನಂಥ ಉದ್ದದ ಹೆಸರಿಗೆ ಇನ್ನೊಂದು ತೊಡಕಿದೆ: ಕಿರಿದಾದ ಅಂಕಣದಲ್ಲಿ ಅದು ಸಾಲಿನ ಕೊನೆಗೆ ಬಂದು ಎರಡು ತುಂಡಾಗುತ್ತದೆ, ಪಂದ್ಯದ ಅಂಕಪಟ್ಟಿಯಲ್ಲಂತೂ ಅಚ್ಚು ಜೋಡಿಸುವವರು ನಡುವಿನ ಅಕ್ಷರಗಳನ್ನೇ ಹಾರಿಸಿಬಿಡುತ್ತಾರೆ. ಆದ್ದರಿಂದ ಹೆಸರನ್ನೇ ನೆಚ್ಚಿಕೊಳ್ಳದೆ ದಿನಾಂಕವನ್ನು ಗೊತ್ತುಪಡಿಸಿಕೊಂಡು ಪುಟವನ್ನೇ ಕಣ್ಣಾರೆ ಓದುವುದು ಮೇಲು. ವಾಷಿಂಗ್ಟನ್ ತಂಡದ ಹೆಸರನ್ನು ‘ಸೆನೆಟರ್ಸ್’ ಎಂದಷ್ಟೇ ಹುಡುಕಿದರೂ ಸಾಲದು; ಆಗಿನ ವರದಿಗಾರರು ‘ನ್ಯಾಷನಲ್ಸ್’ ಎಂದೂ ಧಾರಾಳವಾಗಿ ಬರೆಯುತ್ತಿದ್ದರು. ಅಗಲವಾದ ಪುಟಗಳನ್ನು ಹಿಗ್ಗಿಸಿ ಹಿಗ್ಗಿಸಿ ನೋಡಬೇಕಾದ ಕಾರಣ ಇದು ಮೆಟ್ರೊದಲ್ಲಿ ನಿಂತುಕೊಂಡು ಮೊಬೈಲ್‌ನಲ್ಲಿ ಓದುವ ಸರಕಲ್ಲ, ದೊಡ್ಡ ಪರದೆಯ ಎದುರು ಪುರುಸೊತ್ತಾಗಿ ಕೂರಬೇಕು.

ಕ್ರಿಕೆಟ್ ಊರಿನವರಿಗೆ ಈ ರಗಳೆಯೆಲ್ಲ ಏಕೆ ಎಂದು ಕೇಳುವವರಿಗೆ ನಮ್ಮ ಸೈಯದ್ ಕಿರ್ಮಾನಿಯವರನ್ನು ನೆನಪಿಸುತ್ತೇನೆ. 88 ಟೆಸ್ಟ್‌ಗಳಲ್ಲಿ ವಿಕೆಟ್ ಹಿಂದೆ ನಿಂತು ಅವರು ಪಡೆದ 198 ಬಲಿಗಳ ಲೆಕ್ಕ ಒಂದೂ ತಪ್ಪದೆ ಸಿಗುತ್ತದೆ. ಅವರು ರಾಷ್ಟ್ರೀಯ ಆಯ್ಕೆ ಸಮಿತಿಯ ಅಧ್ಯಕ್ಷರಾಗಿದ್ದಾಗಿನ ನಿರ್ಧಾರಗಳ ಹಿನ್ನೆಲೆ ತಿಳಿಯಬೇಕೆಂದರೆ ಆ ಕಾಲದ ಪತ್ರಿಕೆಗಳ ಮೊರೆಹೋಗಬೇಕು. ಆಡಿದವರ ಲೆಕ್ಕ ಇಟ್ಟಷ್ಟು ಶ್ರದ್ಧೆಯಿಂದ ಆರಿಸಿದವರ ಲೆಕ್ಕವನ್ನು ಯಾವ ಆಟವೂ ಇಟ್ಟಿಲ್ಲ. ಕನ್ನಡ ಪತ್ರಿಕೆಗಳ ಹಳೆಯ ಕ್ರೀಡಾಪುಟಗಳಿಗೂ ಇಷ್ಟು ಸಲೀಸಾದ, ಹಣ ಕೇಳದ ಬಾಗಿಲು ಇದ್ದಿದ್ದರೆ ಎಂಬ ಹೊಟ್ಟೆಕಿಚ್ಚು ನನಗಂತೂ ಆಯಿತು.

ಬಳಸಲು ಹೊರಟವರು 1907ಕ್ಕೇ ನಿಲ್ಲಬಾರದು. 1908ರ ಸೆಪ್ಟೆಂಬರ್‌ನಲ್ಲಿ ಜಾನ್ಸನ್ ನಾಲ್ಕು ದಿನಗಳೊಳಗೆ ನ್ಯೂಯಾರ್ಕ್ ತಂಡವನ್ನು ಮೂರು ಬಾರಿ ಶೂನ್ಯಕ್ಕೆ ಕಟ್ಟಿಹಾಕಿದ ವಾರದ ಸಂಚಿಕೆಗಳನ್ನು ತಪ್ಪದೆ ನೋಡಬೇಕು. ಇನ್ನು ಬ್ಲ್ಯಾಂಕನ್‌ಶಿಪ್, ಆಟ ಬಿಟ್ಟ ಮೇಲೆ ಸಾಲ್ಟ್ ಲೇಕ್ ಸಿಟಿಯ ತಂಡಕ್ಕೆ ಮ್ಯಾನೇಜರ್ ಆಗಿದ್ದರು; ಯೂಟಾ ರಾಜ್ಯದ ಪತ್ರಿಕೆಗಳೂ ಸಂಗ್ರಹದಲ್ಲಿರುವುದರಿಂದ, ರಾಜ್ಯದ ಆಯ್ಕೆಯನ್ನು ಬದಲಿಸಿ 1915ರ ಸುತ್ತಮುತ್ತಲಿನ ಸಂಚಿಕೆಗಳನ್ನು ತೆರೆದರೆ ಅವರ ಬೆನ್ನು ಹತ್ತುವ ಕೆಲಸವನ್ನು ಅಲ್ಲಿಂದ ಮುಂದುವರಿಸಬಹುದು.