ಮೆಜೆಸ್ಟಿಕ್ ಎಂಬ ಹೆಸರಿನ ಪೋರ್ಟಲ್: ಗೆಳೆಯರೊಂದಿಗೆ ವಾಲ್‌ಹೈಮ್

ನಾವು ಆರು ಜನ. ಕಾಲೇಜಿನ ದಿನಗಳಲ್ಲಿ ಗಾಂಧಿಬಜಾರಿನ ಒಂದೇ ಕಟ್ಟೆಯ ಮೇಲೆ ಸಂಜೆ ಕಳೆಯುತ್ತಿದ್ದವರು ಈಗ ಬನಶಂಕರಿ, ಮಲ್ಲೇಶ್ವರ, ಯಲಹಂಕ, ವೈಟ್‌ಫೀಲ್ಡ್ ಎಂದು ನಗರದ ನಾಲ್ಕು ದಿಕ್ಕಿಗೆ ಹಂಚಿಹೋಗಿದ್ದೇವೆ. ಒಬ್ಬ ಶಿವಮೊಗ್ಗಕ್ಕೆ ಮರಳಿದ್ದಾನೆ. ಕೆಲಸದ ದಿನ ಸಂಜೆ ವೈಟ್‌ಫೀಲ್ಡಿನಿಂದ ಬನಶಂಕರಿಗೆ ಹೊರಟವರು ಸಿಲ್ಕ್‌ಬೋರ್ಡ್ ದಾಟುವಷ್ಟರಲ್ಲಿ ಊಟದ ಹೊತ್ತೇ ಮೀರಿರುತ್ತದೆ. ಹಾಗಾಗಿ ಕಳೆದ ಒಂದೂವರೆ ವರ್ಷದಿಂದ ಶುಕ್ರವಾರ ರಾತ್ರಿ ಹತ್ತಕ್ಕೆ ನಾವು ಸೇರುತ್ತಿರುವುದು ವಾಲ್‌ಹೈಮ್ ಎಂಬ ಆಟದೊಳಗೆ ನಾವೇ ಕಟ್ಟಿಕೊಂಡ ಹಳ್ಳಿಯೊಂದರಲ್ಲಿ. ಈ ವಿಮರ್ಶೆಯನ್ನು ಒಬ್ಬರೇ ಆಡುವವರಿಗಾಗಿ ಬರೆಯುತ್ತಿಲ್ಲ. ದೂರದೂರ ಇರುವ ಗೆಳೆಯರನ್ನು ಒಂದು ಆಟದಲ್ಲಿ ಕೂಡಿಸಬೇಕೆಂದಿರುವವರಿಗಾಗಿ ಬರೆಯುತ್ತಿದ್ದೇನೆ.

ಸ್ವೀಡನ್ನಿನ ಐರನ್ ಗೇಟ್ ಎಂಬ ಪುಟ್ಟ ಸಂಸ್ಥೆ ಈ ಆಟವನ್ನು ರೂಪಿಸಿತು. 2021ರ ಫೆಬ್ರವರಿ 2ರಂದು ಅದು ಅರ್ಲಿ ಆಕ್ಸೆಸ್ ರೂಪದಲ್ಲಿ, ಅಂದರೆ ಪೂರ್ತಿಯಾಗುವ ಮೊದಲೇ, ಸ್ಟೀಮ್ ಎಂಬ ಆನ್‌ಲೈನ್ ಆಟದಂಗಡಿಗೆ ಬಂದಾಗ ತಂಡದಲ್ಲಿದ್ದವರು ಐದೇ ಜನ, ಡೌನ್‌ಲೋಡ್ ಸುಮಾರು ಒಂದು ಜಿಬಿ. ಸತ್ತ ವೈಕಿಂಗ್ ಯೋಧರು ಹತ್ತನೆಯದೊಂದು ಲೋಕಕ್ಕೆ ಬಂದು ಬೀಳುತ್ತಾರೆ, ಅಲ್ಲಿ ಮರ ಕಡಿದು, ಮನೆ ಕಟ್ಟಿ, ಬೇಟೆಯಾಡಿ, ಒಂದೊಂದೇ ದೈತ್ಯನನ್ನು ಗೆಲ್ಲುತ್ತ ಹುಲ್ಲುಗಾವಲಿನಿಂದ ಕಪ್ಪುಕಾಡಿಗೆ, ಕಾಡಿನಿಂದ ಜೌಗಿಗೆ, ಜೌಗಿನಿಂದ ಹಿಮದ ಬೆಟ್ಟಕ್ಕೆ ಸಾಗುತ್ತಾರೆ ಎಂಬುದಷ್ಟೇ ಕಥೆ. ಒಂದು ಲೋಕದಲ್ಲಿ ಏಕಕಾಲಕ್ಕೆ ಹತ್ತು ಜನರವರೆಗೆ ಇರಬಹುದು. 2023ರ ಮಾರ್ಚ್‌ನಿಂದ ಟಿವಿಗೆ ಜೋಡಿಸಿ ಆಡುವ ಎಕ್ಸ್‌ಬಾಕ್ಸ್ ಕನ್ಸೋಲ್‌ನಲ್ಲಿಯೂ ಸಿಗುತ್ತಿರುವುದರಿಂದ, ಕಂಪ್ಯೂಟರ್ ಇರುವವರೂ ಕನ್ಸೋಲ್ ಇರುವವರೂ ಕ್ರಾಸ್‌ಪ್ಲೇ ಆಯ್ಕೆಯ ಮೂಲಕ ಒಂದೇ ಲೋಕದಲ್ಲಿ ಆಡಲು ಸಾಧ್ಯವಿದೆ.

ಗೆಳೆಯರನ್ನು ಸೇರಿಕೊಳ್ಳುವ ಕ್ರಮ ಮೇಲ್ನೋಟಕ್ಕೆ ಬಹಳ ಸರಳ. ಒಬ್ಬರು ತಮ್ಮ ಲೋಕವನ್ನು ಆರಿಸಿ, ಸರ್ವರ್ ಆರಂಭಿಸುವ ಗುರುತನ್ನು ಹಾಕಿ, ಕನಿಷ್ಠ ಐದು ಅಕ್ಷರಗಳ ಪಾಸ್‌ವರ್ಡ್ ಕೊಟ್ಟು ಒಳಗೆ ಹೋಗುತ್ತಾರೆ. ಉಳಿದವರು ಸ್ಟೀಮ್‌ನ ಗೆಳೆಯರ ಪಟ್ಟಿಯಿಂದ ನೇರವಾಗಿ ಸೇರುತ್ತಾರೆ, ಅಥವಾ ಕ್ರಾಸ್‌ಪ್ಲೇ ಇದ್ದರೆ ಆರು ಅಂಕಿಗಳ ಕೋಡ್ ಒಂದನ್ನು ಒತ್ತಿ ಬರುತ್ತಾರೆ. ಅಪರಿಚಿತರ ಕಣ್ಣಿಗೆ ಬೀಳಬಾರದೆಂದರೆ ಕಮ್ಯುನಿಟಿ ಸರ್ವರ್ ಎಂಬ ಗುರುತನ್ನು ತೆಗೆದುಬಿಡಬೇಕು. ನಮ್ಮ ಮೊದಲ ರಾತ್ರಿ ಐದು ಜನ ಹತ್ತೇ ನಿಮಿಷದಲ್ಲಿ ಒಂದೇ ಬೆಂಕಿಯ ಸುತ್ತ ನಿಂತಿದ್ದೆವು. ಇಷ್ಟು ಸುಲಭವಾಗಿ ಕೂಡಿಕೊಂಡ ಆಟ ನನ್ನ ಅನುಭವದಲ್ಲಿ ಬೇರೊಂದಿಲ್ಲ.

ತೊಡಕು ಕಾಣಿಸಿಕೊಂಡದ್ದು ಎರಡು ತಿಂಗಳ ನಂತರ. ಈ ಆಟದಲ್ಲಿ ಪಾತ್ರ ಬೇರೆ, ಲೋಕ ಬೇರೆ. ನಿಮ್ಮ ಪಾತ್ರ, ಅದರ ಉಡುಗೆ, ಕಿಸೆಯಲ್ಲಿರುವ ಸಾಮಾನು, ಕಲಿತ ಕೌಶಲ ಎಲ್ಲವೂ ನಿಮ್ಮ ಬಳಿಯೇ ಇರುತ್ತವೆ; ಆದರೆ ಕಟ್ಟಿದ ಮನೆ, ಪೆಟ್ಟಿಗೆಗಳಲ್ಲಿಟ್ಟ ಲೋಹ, ನೆಟ್ಟ ಬೆಳೆ, ಕಡಲ ತೀರದಲ್ಲಿ ಕಟ್ಟಿಹಾಕಿದ ದೋಣಿ ಎಲ್ಲವೂ ಆ ಲೋಕವನ್ನು ತೆರೆದವರ ಕಂಪ್ಯೂಟರಿನಲ್ಲಿರುತ್ತವೆ. ಅವರು ಆಟಕ್ಕೆ ಬಾರದ ರಾತ್ರಿ ಉಳಿದವರಿಗೆ ಆ ಲೋಕಕ್ಕೆ ಪ್ರವೇಶವಿಲ್ಲ. ನಮ್ಮ ಲೋಕ ಯಲಹಂಕದ ಗೆಳೆಯನ ಲ್ಯಾಪ್‌ಟಾಪಿನಲ್ಲಿತ್ತು. ಅದರ ಮದರ್‌ಬೋರ್ಡ್ ಕೆಟ್ಟು ರಿಪೇರಿಗೆ ಹೋಗಿ ಮೂರು ವಾರ ಅಲ್ಲಿಯೇ ಉಳಿದಾಗ, ಐದು ಜನ ಸೇರಿ ಕಟ್ಟಿದ ಹಳ್ಳಿ ಅದರೊಳಗೆ ಮುಚ್ಚಿಹೋಯಿತು. ಆ ಮೂರು ಶುಕ್ರವಾರಗಳಲ್ಲಿ ಹೊಸ ಲೋಕವೊಂದನ್ನು ಶುರುಮಾಡಲು ಯಾರಿಗೂ ಮನಸ್ಸಾಗಲಿಲ್ಲ. ತನ್ನಿಂದ ಎಲ್ಲರ ಆಟ ನಿಂತಿತೆಂದು ಗೆಳೆಯ ಪ್ರತಿ ವಾರವೂ ಕ್ಷಮೆ ಕೇಳುತ್ತಿದ್ದ. ಅವನ ತಪ್ಪೇನೂ ಇರಲಿಲ್ಲ. ಐದು ಜನರ ಆಸ್ತಿಯನ್ನು ಒಬ್ಬನ ಮನೆಯಲ್ಲಿಟ್ಟದ್ದು ನಮ್ಮೆಲ್ಲರ ತಪ್ಪು.

ಇದಕ್ಕೆ ಪರಿಹಾರ ಡೆಡಿಕೇಟೆಡ್ ಸರ್ವರ್, ಅಂದರೆ ಯಾರು ಆಡಲಿ ಬಿಡಲಿ ಲೋಕವನ್ನು ತೆರೆದಿಡುವುದಕ್ಕೆಂದೇ ಇರುವ ತಂತ್ರಾಂಶ. ಆ ತಂತ್ರಾಂಶವನ್ನು ಸ್ಟೀಮ್‌ನಿಂದ ಉಚಿತವಾಗಿ ಇಳಿಸಿಕೊಳ್ಳಬಹುದು, ಅದಕ್ಕೆ ಗ್ರಾಫಿಕ್ಸ್ ಕಾರ್ಡ್ ಬೇಕಿಲ್ಲ. ಲ್ಯಾಪ್‌ಟಾಪ್ ಮರಳಿದ ದಿನವೇ ಲೋಕದ ಎರಡು ಕಡತಗಳನ್ನು, ಒಂದು ಡಿಬಿ ಎಂದೂ ಇನ್ನೊಂದು ಎಫ್‌ಡಬ್ಲ್ಯುಎಲ್ ಎಂದೂ ಕೊನೆಯಾಗುವಂಥವು, ಮಲ್ಲೇಶ್ವರದ ಗೆಳತಿಯ ಮನೆಯಲ್ಲಿ ಸುಮ್ಮನೆ ಬಿದ್ದಿದ್ದ 8 ಜಿಬಿ ಮೆಮೊರಿಯ ಹಳೆಯ ಡೆಸ್ಕ್‌ಟಾಪಿಗೆ ಸಾಗಿಸಿದೆವು. ಆಗ ಎದುರಾದದ್ದು ಇಂಟರ್ನೆಟ್ಟಿನ ಅಡ್ಡಿ. ಸರ್ವರ್ ಹೊರಗಿನವರಿಗೆ ಕಾಣಬೇಕಾದರೆ ರೂಟರಿನಲ್ಲಿ 2456ರಿಂದ ಆರಂಭವಾಗುವ ಪೋರ್ಟುಗಳನ್ನು, ಅಂದರೆ ಹೊರಗಿನ ಸಂಪರ್ಕ ಒಳಬರುವ ಬಾಗಿಲುಗಳನ್ನು, ತೆರೆಯಬೇಕು. ಆದರೆ ಮನೆಯ ಬ್ರಾಡ್‌ಬ್ಯಾಂಡ್ ಕೊಡುವ ಅನೇಕರು ನೂರಾರು ಮನೆಗಳಿಗೆ ಒಂದೇ ಸಾರ್ವಜನಿಕ ಐಪಿ ವಿಳಾಸವನ್ನು ಹಂಚಿರುವುದರಿಂದ, ರೂಟರಿನಲ್ಲಿ ಏನು ತೆರೆದರೂ ಬಾಗಿಲು ಹೊರಗಿನಿಂದ ಮುಚ್ಚಿಯೇ ಇರುತ್ತದೆ. ಪ್ರತ್ಯೇಕ ಐಪಿಗೆ ತಿಂಗಳು ತಿಂಗಳು ಹೆಚ್ಚುವರಿ ಹಣ ಕೇಳಿದರು. ಒಂದು ಭಾನುವಾರವನ್ನಿಡೀ ಇದರಲ್ಲಿ ಕಳೆದ ಮೇಲೆ ಸರ್ವರನ್ನು ಕ್ರಾಸ್‌ಪ್ಲೇ ಆಯ್ಕೆಯೊಂದಿಗೆ ಆರಂಭಿಸಿದರೆ ಸಂಪರ್ಕ ಅದನ್ನು ದಾಟಿಸುವ ನಡುವಿನ ಸರ್ವರ್ (ರಿಲೇ) ಒಂದರ ಮೂಲಕ ಸಾಗುತ್ತದೆ, ಪೋರ್ಟು ತೆರೆಯುವ ಅಗತ್ಯವೇ ಬೀಳುವುದಿಲ್ಲ ಎಂಬುದು ತಿಳಿಯಿತು. ಬೆಂಗಳೂರಿನಲ್ಲಿ ಮನೆಯಿಂದಲೇ ಸರ್ವರ್ ನಡೆಸಬೇಕೆಂದಿರುವವರು ಮೊದಲು ಇದನ್ನೇ ಪ್ರಯತ್ನಿಸಲಿ.

ಕರೆಂಟಿನ ಬಗ್ಗೆಯೂ ಹೇಳಲೇಬೇಕು. ಮಳೆಗಾಲದ ಒಂದು ರಾತ್ರಿ ಜೌಗಿನಿಂದ ತಂದ ಕಬ್ಬಿಣವನ್ನೆಲ್ಲ ಪೆಟ್ಟಿಗೆಗೆ ಸುರಿದು ನೆಮ್ಮದಿಯಿಂದ ಕೂತಿದ್ದಾಗ ಮಲ್ಲೇಶ್ವರದಲ್ಲಿ ಕರೆಂಟ್ ಹೋಯಿತು. ಸರ್ವರ್ ತನ್ನಷ್ಟಕ್ಕೆ ಲೋಕವನ್ನು ಉಳಿಸಿಡುವುದು ಅರ್ಧ ಗಂಟೆಗೊಮ್ಮೆ. ನಮ್ಮ ಪಾತ್ರಗಳು ನಮ್ಮ ನಮ್ಮ ಕಂಪ್ಯೂಟರುಗಳಲ್ಲಿ ಉಳಿದಿದ್ದವು, ಅವುಗಳ ಕಿಸೆ ಖಾಲಿ. ಲೋಕ ಇಪ್ಪತ್ತು ನಿಮಿಷ ಹಿಂದಕ್ಕೆ ಸರಿದಿತ್ತು, ಅಲ್ಲಿ ಪೆಟ್ಟಿಗೆಯೂ ಖಾಲಿ. ಎರಡು ವಾರದ ದುಡಿಮೆ ಎರಡೂ ಕಡೆ ಇಲ್ಲದಂತಾದದ್ದು ನಿಜಕ್ಕೂ ನೋವಿನ ಸಂಗತಿಯಾಗಿತ್ತು. ಉಳಿಸುವ ಅವಧಿಯನ್ನು ಬದಲಿಸಲು ಆಯ್ಕೆ ಇದೆ. ನಾವು ಹತ್ತು ನಿಮಿಷಕ್ಕೆ ಇಳಿಸಿದೆವು, ಡೆಸ್ಕ್‌ಟಾಪಿಗೂ ರೂಟರಿಗೂ ಸೇರಿ ಒಂದು ಯುಪಿಎಸ್ ಕೊಂಡೆವು. ಆಟದ ಬೆಲೆಯ ಲೆಕ್ಕ ಹಾಕುವಾಗ ಈ ಖರ್ಚನ್ನೂ ಸೇರಿಸಿಕೊಳ್ಳುವುದು ಒಳ್ಳೆಯದು.

ಸರ್ವರ್ ಎಷ್ಟೇ ಚೆನ್ನಾಗಿದ್ದರೂ ಒಂದು ಕೊರತೆ ಉಳಿಯುತ್ತದೆ. ವಾಲ್‌ಹೈಮ್ ತನ್ನ ಭೂಮಿಯನ್ನು ಚೌಕಗಳಾಗಿ ಹಂಚಿಕೊಂಡಿದೆ. ಒಂದು ಚೌಕಕ್ಕೆ ಮೊದಲು ಕಾಲಿಟ್ಟವರ ಕಂಪ್ಯೂಟರೇ ಅಲ್ಲಿನ ಪ್ರಾಣಿ, ದೈತ್ಯ, ಬೀಳುವ ಮರ ಎಲ್ಲದರ ಚಲನೆಯನ್ನು ಲೆಕ್ಕ ಹಾಕಿ ಉಳಿದವರಿಗೆ ಕಳಿಸುತ್ತದೆ. ಶಿವಮೊಗ್ಗದ ಗೆಳೆಯ ಮೊಬೈಲ್ ಹಾಟ್‌ಸ್ಪಾಟಿನಲ್ಲಿ ಆಡುತ್ತಾನೆ. ಅವನು ಮುಂದೆ ಹೋದ ಕಡೆಯಲ್ಲೆಲ್ಲ ನಮ್ಮ ಕೊಡಲಿಯ ಏಟು ಒಂದು ಕ್ಷಣ ತಡವಾಗಿ ಬೀಳುತ್ತದೆ, ದೈತ್ಯನು ಇದ್ದಲ್ಲಿಂದ ಇನ್ನೊಂದೆಡೆಗೆ ಜಿಗಿದಂತೆ ಕಾಣುತ್ತದೆ. ಇದಕ್ಕೆ ನಾವು ಕಂಡುಕೊಂಡ ದಾರಿ, ಗವಿಗೋ ಕದನಕ್ಕೋ ಹೋಗುವಾಗ ಫೈಬರ್ ಸಂಪರ್ಕ ಇರುವವರು ಮೊದಲು ಕಾಲಿಡುವುದು. ಇಷ್ಟು ಹಣ ಗಳಿಸಿದ ಆಟದಲ್ಲಿ ಇದನ್ನು ಆಟಗಾರರೇ ನೋಡಿಕೊಳ್ಳಬೇಕಾಗಿರುವುದು ಸರಿಯಲ್ಲ ಎಂಬುದು ನನ್ನ ಸ್ಪಷ್ಟ ಅಭಿಪ್ರಾಯ.

ಇಷ್ಟೆಲ್ಲ ಇದ್ದೂ ನಾನು ಈ ಆಟವನ್ನು ಮನಸಾರೆ ಮೆಚ್ಚುವುದು ಅದರ ನಿಯಮಗಳು ಜನರನ್ನು ಹತ್ತಿರಕ್ಕೆ ತರುವ ಬಗೆಗಾಗಿ. ರಾತ್ರಿಯನ್ನು ದಾಟಿಸಿ ಬೆಳಗು ಮಾಡಬೇಕಾದರೆ ಲೋಕದಲ್ಲಿರುವ ಪ್ರತಿಯೊಬ್ಬರೂ ಒಂದೇ ಹೊತ್ತಿಗೆ ಹಾಸಿಗೆಯಲ್ಲಿ ಮಲಗಿರಬೇಕು. ಒಬ್ಬರು ಕಾಡಿನಲ್ಲಿ ಉಳಿದರೂ ಕತ್ತಲೆ ಸರಿಯುವುದಿಲ್ಲ. "ಬಾ ಮಾರಾಯ, ಮಲಗು, ಬೆಳಗಾಗಲಿ" ಎಂಬ ಶಿವಮೊಗ್ಗದ ದನಿ ನಮ್ಮ ಶುಕ್ರವಾರಗಳ ಭಾಗವೇ ಆಗಿದೆ. ಎಲ್ಲರೂ ಮಲಗಿದ ಮೇಲೆ ಪರದೆ ಕಪ್ಪಾಗುವ ಆ ಕೆಲವು ಕ್ಷಣಗಳಲ್ಲಿ ಯಾರೂ ಮಾತಾಡುವುದಿಲ್ಲ. ಹಿಂದೆ ಗೆಳೆಯರ ಮನೆಯಲ್ಲಿ ಸಾಲಾಗಿ ಚಾಪೆ ಹಾಸಿ ಮಲಗುತ್ತಿದ್ದುದು ನನಗೆ ನೆನಪಾಗುತ್ತದೆ.

ಸಾವಿನ ನಿಯಮವೂ ಹಾಗೆಯೇ. ಸತ್ತವನ ಸಾಮಾನೆಲ್ಲ ಬಿದ್ದ ಜಾಗದಲ್ಲೇ ಒಂದು ಸಮಾಧಿಕಲ್ಲಿನೊಳಗೆ ಉಳಿಯುತ್ತದೆ, ಅವನು ಬರಿಗೈಯಲ್ಲಿ ತನ್ನ ಹಾಸಿಗೆಯಲ್ಲಿ ಏಳುತ್ತಾನೆ, ಕೌಶಲಗಳೂ ತುಸು ಕುಗ್ಗುತ್ತವೆ. ವೈಟ್‌ಫೀಲ್ಡಿನವನು ಕಡಲಾಚೆಯ ಜೌಗಿನಲ್ಲಿ ಸತ್ತ ರಾತ್ರಿ ಹನ್ನೊಂದೂವರೆ ಆಗಿತ್ತು. ನಾನು ಗೋಡೆ ಕಟ್ಟುತ್ತಿದ್ದೆ, ಇನ್ನೊಬ್ಬಳು ಅಡುಗೆ ಮಾಡುತ್ತಿದ್ದಳು, ಇಬ್ಬರು ಗಣಿಯಲ್ಲಿದ್ದರು. ಯಾರೂ ಕರೆಯದಿದ್ದರೂ ಐದು ನಿಮಿಷದಲ್ಲಿ ಎಲ್ಲರೂ ದೋಣಿಯ ಬಳಿ ಇದ್ದರು. ಎದುರುಗಾಳಿ, ಮಳೆ, ಹುಟ್ಟು ಹಾಕುತ್ತ ನಿಧಾನವಾಗಿ ಸಾಗಿ, ಅವನ ಕಲ್ಲನ್ನು ಮುಟ್ಟಿ ಮರಳುವಾಗ ಒಂದು ಗಂಟೆ ಕಳೆದಿತ್ತು. ಇಡೀ ವರ್ಷದಲ್ಲಿ ನನಗೆ ಅತ್ಯಂತ ಪ್ರಿಯವಾದ ರಾತ್ರಿ ಅದು.

ಆ ಪಯಣ ಅಷ್ಟು ದೀರ್ಘವಾಗಲು ಕಾರಣ ಪೋರ್ಟಲ್ ನಿಯಮ. ಒಂದೇ ಹೆಸರಿಟ್ಟ ಎರಡು ಪೋರ್ಟಲ್‌ಗಳು ಪರಸ್ಪರ ಕೂಡಿಕೊಂಡು, ಕ್ಷಣದಲ್ಲಿ ಇಲ್ಲಿಂದ ಅಲ್ಲಿಗೆ ದಾಟಿಸುತ್ತವೆ. ಆದರೆ ಅದಿರು, ಲೋಹ ಸಾಮಾನ್ಯ ಪೋರ್ಟಲ್‌ನೊಳಗೆ ಹೋಗುವುದಿಲ್ಲ. ಮನುಷ್ಯರು ಪೋರ್ಟಲ್‌ನಲ್ಲಿ ಬಂದರೂ ಕಬ್ಬಿಣ ಕಡಲಿನಲ್ಲೇ ಬರಬೇಕು. 2023ರ ಆಗಸ್ಟ್‌ನಲ್ಲಿ ಬಂದ ಅಪ್‌ಡೇಟ್‌ನಿಂದ ಈ ನಿಯಮವನ್ನು ಸಡಿಲಿಸುವ ಆಯ್ಕೆ ಇದೆ, ಮಕ್ಕಳಿರುವ ಮನೆಗಳಲ್ಲಿ ವಾರಕ್ಕೆ ಒಂದೇ ಗಂಟೆ ಸಿಗುವವರು ಅದನ್ನು ಬಳಸಲಿ. ನಾವು ಬಳಸಿಲ್ಲ. ಪೆಟ್ಟಿಗೆ ತುಂಬ ಕಬ್ಬಿಣ ಹೇರಿದ ದೋಣಿಯಲ್ಲಿ ನಾಲ್ಕು ಜನ ಸುಮ್ಮನೆ ಕೂತು ಬರುವಾಗಲೇ ನಮ್ಮ ನಡುವಿನ ನಿಜವಾದ ಮಾತುಗಳು ಹೊರಬಂದಿವೆ: ಒಬ್ಬನ ಅಪ್ಪನ ಆಪರೇಷನ್, ಒಬ್ಬಳ ಕೆಲಸ ಹೋದದ್ದು. ಹಳ್ಳಿಯ ನಡುವೆ ಎಲ್ಲ ಪೋರ್ಟಲ್‌ಗಳೂ ಸೇರುವ ಚಪ್ಪರಕ್ಕೆ ನಾವು ಮೆಜೆಸ್ಟಿಕ್ ಎಂದು ಹೆಸರಿಟ್ಟಿದ್ದೇವೆ, ಎಲ್ಲಿಗೆ ಹೋಗಬೇಕಾದರೂ ಅಲ್ಲಿಗೆ ಬಂದೇ ಹೋಗಬೇಕಾದ್ದರಿಂದ.

ತಡವಾಗಿ ಸೇರುವವರ ಪಾಡು ಇಂಥ ಆಟಗಳಲ್ಲಿ ಸಾಮಾನ್ಯವಾಗಿ ಕಷ್ಟ. ನಮ್ಮಲ್ಲಿ ಆರನೆಯವಳು ಸೇರಿದ್ದು ಐದು ತಿಂಗಳ ನಂತರ, ನಾವಾಗಲೇ ಮೂರು ದೈತ್ಯರನ್ನು ಗೆದ್ದಿದ್ದೆವು. ಒಂದು ವಸ್ತುವನ್ನು ಮೊದಲ ಬಾರಿ ಕೈಗೆತ್ತಿಕೊಂಡಾಗ ಅದರಿಂದ ಮಾಡಬಹುದಾದವುಗಳು ತಿಳಿಯುತ್ತವೆ ಎಂಬುದು ಇಲ್ಲಿನ ಕ್ರಮವಾದ್ದರಿಂದ, ಕಂಚು ಕಬ್ಬಿಣ ಕೈಗಿತ್ತರೆ ಹೊಸಬರು ಒಂದೇ ಸಂಜೆಯಲ್ಲಿ ಎಲ್ಲವನ್ನೂ ಕಲಿತುಬಿಡಬಲ್ಲರು. ನಾವು ಪ್ರೀತಿಯಿಂದ ಹಾಗೆಯೇ ಕೊಟ್ಟೆವು, ಅದು ತಪ್ಪಾಯಿತು. "ಎಲ್ಲವೂ ನಿಮ್ಮದೇ, ನಾನು ಮಾಡಿದ್ದು ಒಂದೂ ಇಲ್ಲ" ಎಂದು ಎರಡನೇ ವಾರ ಅವಳು ಬೇಸರದಿಂದ ಹೇಳಿದಳು. ನಂತರ ಅವಳು ತಾನೇ ಕಪ್ಪುಕಾಡಿನಿಂದ ಕ್ಯಾರೆಟ್ ಬೀಜ ತಂದು ತೋಟ ಮಾಡಿದಳು, ಪಾಳುಮನೆಗಳಿಂದ ರಾಣಿಜೇನು ಹಿಡಿದು ತಂದು ಗೂಡುಗಳನ್ನಿಟ್ಟಳು. ಈ ಆಟದಲ್ಲಿ ಹಸಿವಿನಿಂದ ಯಾರೂ ಸಾಯುವುದಿಲ್ಲ; ಆದರೆ ಏಕಕಾಲಕ್ಕೆ ಮೂರು ಬಗೆಯ ಊಟ ಉಂಡವನ ಆಯುಸ್ಸೂ ಕಸುವೂ ಹೆಚ್ಚಿರುತ್ತವೆ. ಹೀಗಾಗಿ ಕತ್ತಿ ಹಿಡಿಯದ ಅವಳ ಪಾತ್ರೆಯ ಮೇಲೆ ಐದು ಜನರ ಜೀವ ನಿಂತಿದೆ. ಹೋರಾಟ ಇಷ್ಟವಿಲ್ಲದ ಗೆಳೆಯರನ್ನೂ ಈ ಆಟಕ್ಕೆ ಕರೆಯಬಹುದು ಎನ್ನಲು ನನಗೆ ಧೈರ್ಯ ಕೊಟ್ಟವಳು ಅವಳೇ.

ಗಮನಿಸಬೇಕಾದ್ದು ಇನ್ನೂ ಒಂದಿದೆ. ಹತ್ತಿರ ಆಟಗಾರರು ಹೆಚ್ಚಿದಷ್ಟೂ ಶತ್ರುಗಳು ಬಲಿಷ್ಠರಾಗುತ್ತಾರೆ, ಮತ್ತು ಹಳ್ಳಿಯ ಮೇಲಿನ ದಾಳಿಗಳು ಲೋಕದಲ್ಲಿ ಯಾವ ದೈತ್ಯ ಸತ್ತಿದ್ದಾನೆಂಬುದನ್ನು ಅವಲಂಬಿಸುತ್ತವೆಯೇ ಹೊರತು ನೀವು ಹೊಸಬರೇ ಎಂಬುದನ್ನಲ್ಲ. ದಾಳಿಯನ್ನು ಪ್ರತಿಯೊಬ್ಬರ ಪ್ರಗತಿಗೆ ತಕ್ಕಂತೆ ನಡೆಸುವ ಆಯ್ಕೆಯೂ ಲೋಕದ ಹೊಂದಿಕೆಗಳಲ್ಲಿದೆ. ತಡವಾಗಿ ಸೇರುವವರಿದ್ದರೆ ಅದನ್ನು ಹಾಕಿಡಿ. ನಕಾಶೆಯೂ ತಾನಾಗಿ ಹಂಚಿಕೆಯಾಗುವುದಿಲ್ಲ, ಅದಕ್ಕೊಂದು ಮೇಜು ಮಾಡಿ ಪ್ರತಿಯೊಬ್ಬರೂ ತಾವು ಕಂಡದ್ದನ್ನು ಅದರಲ್ಲಿ ದಾಖಲಿಸಬೇಕು. ದನಿಯಲ್ಲಿ ಮಾತಾಡುವ ವ್ಯವಸ್ಥೆ ಆಟದೊಳಗಿಲ್ಲ, ಅದಕ್ಕೆ ನಾವು ಡಿಸ್ಕಾರ್ಡ್ ಎಂಬ ಆ್ಯಪ್ ಬಳಸುತ್ತೇವೆ. ಅಪ್‌ಡೇಟ್ ಬಂದ ದಿನ ಸರ್ವರನ್ನೂ ಅದೇ ಆವೃತ್ತಿಗೆ ತರದಿದ್ದರೆ ಯಾರೂ ಒಳಹೋಗಲಾಗದು, ಆದ್ದರಿಂದ ಆ ಹೊಣೆ ಯಾರದೆಂದು ಮೊದಲೇ ನಿರ್ಧರಿಸಿಕೊಳ್ಳಬೇಕು.

ರಸ್ಟ್‌ನಂಥ ಆಟಗಳಲ್ಲಿ ನೀವು ಆಫೀಸಿನಲ್ಲಿರುವಾಗ ಅಪರಿಚಿತರು ನಿಮ್ಮ ಮನೆ ಒಡೆದು ಹೋಗಬಹುದು. ಕೆಲಸಕ್ಕೆ ಹೋಗುವವರಿಗೆ ಅದು ಹೊಂದದು. ವಾಲ್‌ಹೈಮ್‌ನಲ್ಲಿ ಒಂದು ತಿಂಗಳು ಬಾರದಿದ್ದರೂ ನಿಮ್ಮ ಹಾಸಿಗೆ ಇದ್ದಲ್ಲಿಯೇ ಇರುತ್ತದೆ, ಗೆಳೆಯರ ನಡುವಿನ ಹೊಡೆದಾಟವೂ ನೀವಾಗಿಯೇ ಬೇಕೆಂದು ಒತ್ತಿದರೆ ಮಾತ್ರ.

ಪ್ರತಿಯೊಬ್ಬರೂ ತಮ್ಮದೇ ಪ್ರತಿ ಕೊಳ್ಳಬೇಕು. ಸ್ಟೀಮ್‌ನಲ್ಲಿ ಕೊಂಡು 14 ದಿನದೊಳಗೆ, ಎರಡು ಗಂಟೆಗಿಂತ ಕಡಿಮೆ ಆಡಿದ್ದರೆ ಹಣ ವಾಪಸು ಕೇಳಲು ಅವಕಾಶವಿದೆ. ಆ ಎರಡು ಗಂಟೆಯನ್ನು ಒಬ್ಬರೇ ಮರ ಕಡಿಯುತ್ತ ಕಳೆಯಬೇಡಿ. ಮೊದಲು ಇಬ್ಬರು ಕೊಂಡು, ಒಬ್ಬರು ಲೋಕ ತೆರೆದು ಇನ್ನೊಬ್ಬರು ಸೇರಿ, ನಿಮ್ಮ ಮನೆಗಳ ಸಂಪರ್ಕದಲ್ಲಿ ಕೊಡಲಿಯ ಏಟು ಹೊತ್ತಿಗೆ ಸರಿಯಾಗಿ ಬೀಳುತ್ತದೆಯೇ ಎಂದು ನೋಡಿ. ಬಿದ್ದರೆ ಉಳಿದವರಿಗೆ ಹೇಳಿ, ಹಳೆಯ ಡೆಸ್ಕ್‌ಟಾಪ್ ಯಾರ ಮನೆಯಲ್ಲಿದೆಯೆಂದು ಅಂದೇ ವಿಚಾರಿಸಿ.